ಶೇಕಡಾ ಹತ್ತು ಸರಿ, ಯಾವುದರ ಮೇಲೆ?

ಹಳ್ಳಿಯಲ್ಲಿ ದುಡಿದ ಸರ್ಕಾರಿ ವೈದ್ಯರಿಗೆ ಪಿ.ಜಿ. ಪ್ರವೇಶದಲ್ಲಿ ಒಂದಷ್ಟು ಅಂಕ ಹೆಚ್ಚಿಗೆ ಕೊಟ್ಟರೆ ಮೆರಿಟ್ಟು ಸತ್ತೇ ಹೋಗುತ್ತದಂತೆ. ಕೌನ್ಸೆಲಿಂಗ್ ಹತ್ತಿರ ಬಂತೆಂದರೆ ಈ ಗೋಳು ಶುರು. ಇದೇ ಮೆರಿಟ್ಟಿನ ಭಕ್ತರು ಎನ್ನಾರೈ ಕೋಟಾದ ಮಾತು ಬಂದಾಗ ಮಾತ್ರ ಯಾಕೋ ಬಾಯಿಗೆ ಬೀಗ ಹಾಕಿಕೊಳ್ಳುತ್ತಾರೆ. ಅಲ್ಲಿ ನೀಟ್‌ನ ಅರ್ಹತಾ ಗೆರೆ ದಾಟಿದರೆ ಆಯ್ತು, ಮಿಕ್ಕಿದ್ದನ್ನು ದುಡ್ಡು ನೋಡಿಕೊಳ್ಳುತ್ತದೆ.

ಇರಲಿ, ನನ್ನ ಜಗಳ ಅವರ ಜೊತೆಗಲ್ಲ. ಕೊಡ್ತೀವಿ ಅಂತ ಹೇಳಿ, ಕೊಡುವ ಲೆಕ್ಕದಲ್ಲೇ ಹಳ್ಳಿಗೆ ಟೋಪಿ ಹಾಕಿದವರ ಜೊತೆ.

ಭಾರತೀಯ ವೈದ್ಯಕೀಯ ಮಂಡಳಿಯ 2000ದ ಸ್ನಾತಕೋತ್ತರ ನಿಯಮಾವಳಿಯಲ್ಲಿ 9ನೇ ನಿಯಮ ಅಂತೊಂದಿತ್ತು. ದುರ್ಗಮ ಪ್ರದೇಶದಲ್ಲಿ ಸೇವೆ ಮಾಡಿದ ಸರ್ಕಾರಿ ವೈದ್ಯರಿಗೆ ವರ್ಷಕ್ಕೆ ಶೇ. 10ರಂತೆ, ಗರಿಷ್ಠ ಶೇ. 30ರವರೆಗೆ ಪ್ರೋತ್ಸಾಹಕ ಅಂಕ ಕೊಡಬಹುದು ಎಂದು ಅದಕ್ಕೆ ಆಮೇಲೆ ತಿದ್ದುಪಡಿ ತಂದರು. ಕೇಳೋಕೆ ಚೆನ್ನಾಗಿದೆ. ಆದರೆ ಶೇಕಡಾ ಹತ್ತು ಯಾವುದರ ಮೇಲೆ? ಪರೀಕ್ಷೆಯಲ್ಲಿ ತೆಗೆದ ಅಂಕಗಳ ಮೇಲೆ!

ಲೆಕ್ಕ ಹಾಕಿ ನೋಡಿ. ಪಟ್ಟಿಯಲ್ಲಿರುವ ಎರಡು ಊರುಗಳಲ್ಲಿ ಇಬ್ಬರು ವೈದ್ಯರು ಮೂರು ಮೂರು ವರ್ಷ ದುಡಿದಿದ್ದಾರೆ. ಒಬ್ಬರಿಗೆ ಪರೀಕ್ಷೆಯಲ್ಲಿ 500 ಬಂತು, ಜೊತೆಗೆ ಹಳ್ಳಿಯ ಲೆಕ್ಕದಲ್ಲಿ 150. ಇನ್ನೊಬ್ಬರಿಗೆ 300 ಬಂತು, ಹಳ್ಳಿಯ ಲೆಕ್ಕದಲ್ಲಿ ಬರೀ 90. ಅಲ್ಲಾ ಸ್ವಾಮಿ, ಮೂರು ವರ್ಷ ಅಂದರೆ ಇಬ್ಬರಿಗೂ ಮೂರೇ ವರ್ಷ ತಾನೇ? ಜಾಸ್ತಿ ಓದಿದ್ದಕ್ಕೆ ಜಾಸ್ತಿ ಅಂಕ ಮೊದಲೇ ಬಂದಾಗಿದೆ. ಅದನ್ನೇ ಹಳ್ಳಿಯ ಹೆಸರಲ್ಲಿ ಇನ್ನೊಂದು ಸಲ ಯಾಕೆ ಕೊಡಬೇಕು?

ಆ ಎರಡನೆಯವರಿಗೆ 300 ಯಾಕೆ ಬಂತು ಅಂತ ನನಗೆ ಗೊತ್ತು. ನಾನೂ ಮಲೆನಾಡಿನ ಒಂದು ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಇದ್ದವನೇ. ರಾತ್ರಿ ಹನ್ನೊಂದಕ್ಕೆ ಹಾವು ಕಚ್ಚಿದವರನ್ನು ಜೀಪಿನಲ್ಲಿ ತರುತ್ತಾರೆ. ಹತ್ತು ವಯಲ್ ಪ್ರತಿವಿಷ ಏರಿಸಬೇಕು, ಅಲರ್ಜಿಯಾದರೆ ಅಂತ ಅಡ್ರಿನಲಿನ್ ಪಕ್ಕದಲ್ಲಿಟ್ಟುಕೊಂಡು ಬೆಳಗಿನವರೆಗೆ ಕೂರಬೇಕು. ಒಂಬತ್ತಕ್ಕೆ ಮತ್ತೆ ಒಪಿಡಿ. ಬೇಸಿಗೆ ಬಂದರೆ ಉಣುಗು, ಮಂಗನ ಕಾಯಿಲೆ, ಸತ್ತ ಮಂಗ ಎಲ್ಲಿದೆ ಅಂತ ಕಾಡು ಸುತ್ತುವುದು, ಆಮೇಲೆ ವರದಿ, ವರದಿಯ ಮೇಲೊಂದು ವರದಿ. ಎಂಸಿಕ್ಯೂ ಪುಸ್ತಕ ಮೇಜಿನ ಮೇಲೇ ಇರುತ್ತದೆ, ಧೂಳು ಹಿಡಿದುಕೊಂಡು. ಹಳ್ಳಿಯ ಕೆಲಸ ಹೆಚ್ಚು ಮಾಡಿದಷ್ಟೂ ಅಂಕ ಕಡಿಮೆ, ಅಂಕ ಕಡಿಮೆಯಾದಷ್ಟೂ ಹಳ್ಳಿಯ ಕೆಲಸಕ್ಕೆ ಬೆಲೆ ಕಡಿಮೆ. ಇದಕ್ಕೆ ಪ್ರೋತ್ಸಾಹ ಅಂತ ಹೆಸರು!

ಡಿಪ್ಲೊಮಾ ದಾರಿಯೊಂದಿತ್ತು. ಅದರ ಅರ್ಧ ಸೀಟು ಇಂಥ ಕಡೆ ಮೂರು ವರ್ಷ ದುಡಿದ ಸರ್ಕಾರಿ ವೈದ್ಯರಿಗೇ ಮೀಸಲು. 2018ರಲ್ಲಿ ಆ ಸೀಟುಗಳನ್ನು ಡಿಗ್ರಿ ಸೀಟುಗಳಾಗಿ ಬದಲಿಸಿಕೊಳ್ಳಲು ಕಾಲೇಜುಗಳಿಗೆ ಬಿಟ್ಟುಕೊಟ್ಟರು. ಸೀಟೇ ಹೋದ ಮೇಲೆ ಮೀಸಲನ್ನು ಕಟ್ಟಿಕೊಂಡು ಏನು ಮಾಡೋಣ? ಅರಿವಳಿಕೆ, ಹೆರಿಗೆ, ಮಕ್ಕಳ ವೈದ್ಯ ಡಿಪ್ಲೊಮಾ ಮಾಡಿದವರೇ ತಾಲ್ಲೂಕು ಆಸ್ಪತ್ರೆಗೆ ಬೇಕಾದವರು. ಅರಿವಳಿಕೆ ಕೊಡುವವರಿಲ್ಲ ಅನ್ನುವ ಒಂದೇ ಕಾರಣಕ್ಕೆ ಹೆರಿಗೆನೋವಿನ ಹೆಂಗಸರನ್ನು ಆಂಬುಲೆನ್ಸಿಗೆ ಹತ್ತಿಸಿ ಜಿಲ್ಲಾಸ್ಪತ್ರೆಗೆ ಸಾಗಹಾಕಿದ ರಾತ್ರಿಗಳನ್ನು ನಾನು ಎಣಿಸಿಟ್ಟಿಲ್ಲ.

ಕೋರ್ಟಿನ ನೆಪ ಇನ್ನು ಬೇಡ. ಡಿಗ್ರಿ ಕೋರ್ಸಿನಲ್ಲಿ ಸೇವಾನಿರತರಿಗೆ ಪ್ರತ್ಯೇಕ ಕೋಟಾ ಇಲ್ಲ, ಪ್ರೋತ್ಸಾಹಕ ಅಂಕ ಮಾತ್ರ ಎಂದು ಸುಪ್ರೀಂ ಕೋರ್ಟು 2016ರಲ್ಲಿ ಹೇಳಿತ್ತು, ನಿಜ. 2020ರ ಆಗಸ್ಟ್ 31ರಂದು ಸಂವಿಧಾನ ಪೀಠ ಅದನ್ನು ದಾಟಿ, ಮೀಸಲಿಡುವ ಅಧಿಕಾರ ರಾಜ್ಯಗಳಿಗಿದೆ ಅಂದಿತು. ಓದು ಮುಗಿಸಿದವರು ಮತ್ತೆ ಹಳ್ಳಿಗಾಡಿನಲ್ಲಿ ದುಡಿಯುವಂತೆ ಬಾಂಡ್ ಬರೆಸಿಕೊಳ್ಳಿ ಎಂದೂ ಹೇಳಿತು.

ಹಾಗಾದರೆ ಮಾಡಿ. ವರ್ಷಕ್ಕೆ ಇಷ್ಟು ಅಂಕ ಅಂತ ಎಲ್ಲರಿಗೂ ಒಂದೇ ಅಳತೆ ಇಡಿ. ಹೆದ್ದಾರಿ ಪಕ್ಕದ ಕೇಂದ್ರಕ್ಕೂ ಮಳೆಗಾಲದಲ್ಲಿ ಸೇತುವೆ ಮುಳುಗುವ ಊರಿಗೂ ಬೇರೆ ಬೇರೆ ದರ ಕಟ್ಟಿ. ಡಿಗ್ರಿ ಮುಗಿಸಿದವರನ್ನು ಯಾವ ತಾಲ್ಲೂಕಿನಿಂದ ಕರೆದೊಯ್ದಿರೋ ಅಲ್ಲಿಗೇ ವಾಪಸ್ ಹಾಕಿ. ದುಡ್ಡು ಕಟ್ಟಿ ಬಾಂಡ್ ಬಿಡಿಸಿಕೊಂಡು ಹೋಗುವ ಆ ಹಿತ್ತಲ ಬಾಗಿಲಿದೆಯಲ್ಲ, ಅದನ್ನು ಮೊದಲು ಮುಚ್ಚಿ.