ಮೇಲಿನ ವಿಜಯಪುರ ನೋಡಿದ್ದಾಯಿತು, ಕೆಳಗಿನದು ಯಾವಾಗ?

ವಿಜಯಪುರಕ್ಕೆ ಒಂದು ದಿನದ ಟ್ರಿಪ್ ಅಂದರೆ ಯಾರು ಪ್ಲಾನ್ ಮಾಡಿದರೂ ಪಟ್ಟಿ ಒಂದೇ. ಬೆಳಿಗ್ಗೆ ಗೋಳಗುಮ್ಮಟ, ಆಮೇಲೆ ಬಾರಾ ಕಮಾನ್, ಮಲಿಕ್-ಎ-ಮೈದಾನ್ ತೋಪು, ಊಟ, ಇಬ್ರಾಹಿಂ ರೋಜಾ, ಸಂಜೆ ಶಿವಗಿರಿ. ರಾತ್ರಿ ಹತ್ತರೊಳಗೆ ಹಾಸ್ಟೆಲ್ ಗೇಟ್. ನಮ್ಮ ಕಡೆ ಓದಿದವರು ಈ ಟ್ರಿಪ್ಪನ್ನು ಕನಿಷ್ಠ ಎರಡು ಸಲವಾದರೂ ಮಾಡಿರುತ್ತಾರೆ. ನನ್ನದು ಮೂರು ಸಲ ಆಯಿತು. ಒಮ್ಮೆ ಇಳಕಲ್ಲಿನ ಶಾಲೆಯಿಂದ, ಒಮ್ಮೆ ಪಿಯುಸಿಯಲ್ಲಿದ್ದಾಗ, ಈಗ ಸಿವಿಲ್ ಎಂಜಿನಿಯರಿಂಗ್ ಐದನೇ ಸೆಮಿಸ್ಟರಿನಲ್ಲಿ ಬಾಗಲಕೋಟೆಯಿಂದ. ಮೂರೂ ಸಲ ಅದೇ ಪಟ್ಟಿ. ಆದರೆ ಆ ಊರಿಗೆ ನೆಲದ ಕೆಳಗೆ ಇನ್ನೊಂದು ಅಂತಸ್ತು ಇದೆ. ಅದನ್ನೂ ಟ್ರಿಪ್ಪಿಗೆ ಸೇರಿಸಬೇಕು, ತರಬೇತಿ ಪಡೆದ ಗೈಡ್ ಇಟ್ಟುಕೊಂಡೇ ಸೇರಿಸಬೇಕು ಎನ್ನುವುದು ನನ್ನ ವಾದ.

ನಾನು ಹೇಳುತ್ತಿರುವುದು ತೊರವಿಯ ಸುರಂಗ ಬಾವಿಯ ಬಗ್ಗೆ. ವಿಜಯಪುರದಿಂದ ಪಶ್ಚಿಮಕ್ಕೆ ಐದಾರು ಕಿಲೋಮೀಟರ್ ದೂರದ ತೊರವಿಯ ಹೆಸರು ಕನ್ನಡ ಓದಿದವರಿಗೆ ಹೊಸದಲ್ಲ. ಕುಮಾರ ವಾಲ್ಮೀಕಿ ತೊರವೆ ರಾಮಾಯಣ ಬರೆದ ಊರು ಅದು. ಅಲ್ಲಿಂದ ನೀರನ್ನು ನೆಲದಡಿಯ ಸುರಂಗದಲ್ಲಿ ಹರಿಸಿ ರಾಜಧಾನಿಗೆ ಮುಟ್ಟಿಸುವ ವ್ಯವಸ್ಥೆಯನ್ನು ಆದಿಲ್ ಶಾಹಿಗಳು 16ನೇ ಶತಮಾನದಲ್ಲಿ ಮಾಡಿದರು. ಒಂದನೇ ಅಲಿ ಆದಿಲ್ ಶಾಹನ ಕಾಲದಲ್ಲಿ ಶುರುವಾಗಿ ಎರಡನೇ ಇಬ್ರಾಹಿಮನ ಕಾಲದಲ್ಲಿ ಬೆಳೆದ ಕೆಲಸ. ಈ ಅಲಿ ಆದಿಲ್ ಶಾಹನೇ 1565ರಲ್ಲಿ ನಮ್ಮ ಹುನಗುಂದ ಸೀಮೆಯ ರಕ್ಕಸಗಿ-ತಂಗಡಗಿ ಕದನದಲ್ಲಿ ಗೆದ್ದವರಲ್ಲಿ ಒಬ್ಬ. ಇತಿಹಾಸದ ಪರೀಕ್ಷೆಗೆ ಕದನವನ್ನು ಬಾಯಿಪಾಠ ಮಾಡುತ್ತೇವೆ. ಗೆದ್ದವನು ಊರಿಗೆ ಹೋಗಿ ಕುಡಿಯುವ ನೀರಿಗೆ ಏನು ಮಾಡಿದ ಎಂದು ಯಾವ ಪ್ರಶ್ನೆಪತ್ರಿಕೆಯೂ ಕೇಳುವುದಿಲ್ಲ.

ಇದರ ತಂತ್ರ ಪರ್ಷಿಯಾದಿಂದ ಬಂದದ್ದು. ಅಲ್ಲಿ ಖನಾತ್, ನಮ್ಮಲ್ಲಿ ಕರೇಜ್. ಎತ್ತರದ ಜಾಗದಲ್ಲಿ ಅಂತರ್ಜಲ ಸಿಗುವವರೆಗೆ ಒಂದು ತಾಯಿಬಾವಿ ತೋಡುತ್ತಾರೆ. ಅಲ್ಲಿಂದ ಊರಿನ ಕಡೆಗೆ ಬಲು ಸಣ್ಣ ಇಳಿಜಾರಿನಲ್ಲಿ ಸುರಂಗ ಕೊರೆಯುತ್ತಾರೆ. ದಾರಿಯುದ್ದಕ್ಕೂ ಮೇಲಿನಿಂದ ನೇರ ಕಿಂಡಿಗಳು. ಕೊರೆಯುವಾಗ ಮಣ್ಣು ಎತ್ತಲು, ಗಾಳಿ ಆಡಲು, ಆಮೇಲೆ ಹೂಳು ತೆಗೆಯಲು ಅವೇ ಬಾಗಿಲು. ಪಂಪ್ ಇಲ್ಲ, ಕರೆಂಟ್ ಇಲ್ಲ. ನೀರು ತನ್ನ ಭಾರಕ್ಕೆ ತಾನೇ ಹರಿಯುತ್ತದೆ, ನೆಲದಡಿ ಇರುವುದರಿಂದ ನಮ್ಮ ಏಪ್ರಿಲ್ ಬಿಸಿಲಿಗೂ ಆವಿಯಾಗಿ ಹೋಗುವುದಿಲ್ಲ. ಕಷ್ಟ ಇರುವುದು ಇಳಿಜಾರಿನಲ್ಲಿ. ಸ್ವಲ್ಪ ಹೆಚ್ಚಾದರೆ ನೀರು ರಭಸವಾಗಿ ಹರಿದು ತಳವನ್ನೇ ಕೊರೆಯುತ್ತದೆ, ಕಡಿಮೆಯಾದರೆ ಹೂಳು ಕೂರುತ್ತದೆ. ಫ್ಲೂಯಿಡ್ ಮೆಕ್ಯಾನಿಕ್ಸ್ ಪೇಪರಿನಲ್ಲಿ ನಾವು ಫಾರ್ಮುಲಾ ಹಾಕಿ ಬಿಡಿಸುವ ಲೆಕ್ಕವನ್ನು ಅವರು ಕತ್ತಲಲ್ಲಿ, ಎಣ್ಣೆ ದೀಪ ಹಿಡಿದು, ಕರಿಕಲ್ಲಿನೊಳಗೆ ಬಿಡಿಸಿದ್ದರು.

ಊರೊಳಗೆ ಬಂದ ಮೇಲಿನ ಕಥೆ ಇನ್ನೂ ಸ್ವಾರಸ್ಯ. ಗಾರೆಯಲ್ಲಿ ಹುದುಗಿಸಿದ ಮಣ್ಣಿನ ಕೊಳವೆಗಳಲ್ಲಿ ನೀರು ಹಂಚುತ್ತಿದ್ದರು. ಕೊಳವೆ ಒಡೆಯದಂತೆ ಒತ್ತಡ ತಗ್ಗಿಸಲು, ಹೂಳು ತಳಕ್ಕೆ ಕೂರಲು ಅಲ್ಲಲ್ಲಿ 'ಗಂಜ್' ಎಂಬ ಕಲ್ಲಿನ ಗೋಪುರ ಕಟ್ಟಿದರು. ಕೆಲವು ಇಂದಿಗೂ ನಿಂತಿವೆ. ಊರು ಬೆಳೆದು ನೀರು ಸಾಲದಾದಾಗ 1651ರಲ್ಲಿ ಬೇಗಂ ತಲಾಬ್ ಕಟ್ಟಿ ಅಲ್ಲಿಂದಲೂ ಕೊಳವೆ ಎಳೆದರು. ಅಂದರೆ ಗೋಳಗುಮ್ಮಟದ ಕೆಲಸ ಮುಗಿಯುವ ಮುಂಚೆಯೇ ಈ ಊರಿಗೆ ಎರಡನೇ ಹಂತದ ಕುಡಿಯುವ ನೀರಿನ ಯೋಜನೆ ಬಂದಾಗಿತ್ತು! ಗುಮ್ಮಟ ಮುಗಿದದ್ದು 1656ರಲ್ಲಿ.

ಗುಮ್ಮಟವನ್ನು ನಾನು ಹಗುರ ಮಾಡುತ್ತಿಲ್ಲ. ನಡುವೆ ಒಂದೂ ಕಂಬವಿಲ್ಲದೆ ಸುಮಾರು 38 ಮೀಟರ್ ಒಳವ್ಯಾಸದ ಗೋಲವನ್ನು ಕಮಾನುಗಳ ಮೇಲೆ ಕೂರಿಸಿದ್ದು ನೋಡಿದರೆ ಸಿವಿಲ್‌ನವರು ಯಾರಾದರೂ ಬಾಯಿ ತೆರೆಯಬೇಕು. ಆದರೆ ಅಲ್ಲಿ ನಮಗೆ ಸಿಗುವುದೇನು? ಪಿಸುಗುಟ್ಟುವ ಗ್ಯಾಲರಿಯಲ್ಲಿ ಇನ್ನೂರು ಜನ ಒಟ್ಟಿಗೆ ಶಿಳ್ಳೆ ಹೊಡೆಯುತ್ತಾರೆ. ಈ ಸಲ ನಮ್ಮ ಪ್ಯಾಕೇಜಿನ ಜೊತೆ ಬಂದಿದ್ದ ಗೈಡ್ ಮುಕ್ಕಾಲು ತಾಸಿನಲ್ಲಿ ರಾಜರ ಹೆಸರು, ರಂಭಾಳ ಕಥೆ, ಏಳು ಸಲ ಪ್ರತಿಧ್ವನಿ ಎಲ್ಲ ಮುಗಿಸಿ "ಇನ್ನ್ ಫೋಟೋ ಹೊಡ್ಕೋರಿ" ಅಂದರು. ಸುರಂಗ ಬಾವಿ ಕೇಳಿದೆವು. "ಅಲ್ಲೇನ್ ಐತ್ರೀ ನೋಡಾಕ, ಬರೇ ಕತ್ತಲ. ಲಿಸ್ಟ್‌ನ್ಯಾಗ ಇಲ್ಲ" ಎಂಬ ಉತ್ತರ ಬಂತು. ಅವರ ಮೇಲೆ ನನಗೆ ಸಿಟ್ಟಿಲ್ಲ. ಪಟ್ಟಿಯಲ್ಲಿ ಇಲ್ಲದ್ದಕ್ಕೆ ಅವರಿಗೆ ಸಂಬಳವೂ ಇಲ್ಲ. ಸಿಟ್ಟು ಇರುವುದು ಪಟ್ಟಿಯ ಮೇಲೆ.

ಏಕೆಂದರೆ ಹೊರಗಿನವರ ಪಟ್ಟಿಯಲ್ಲಿ ಅದು ಇದೆ. ನ್ಯೂಯಾರ್ಕಿನ ವರ್ಲ್ಡ್ ಮಾನ್ಯುಮೆಂಟ್ಸ್ ಫಂಡ್ ಎಂಬ ಸಂಸ್ಥೆ 2020ರ ಸಾಲಿಗೆ ಇಡೀ ಜಗತ್ತಿನಿಂದ ಆರಿಸಿದ 25 ತಾಣಗಳಲ್ಲಿ ನಮ್ಮ ಸುರಂಗ ಬಾವಿಯೂ ಒಂದು. ಬೆಂಕಿಗೆ ಸಿಕ್ಕ ಪ್ಯಾರಿಸ್ಸಿನ ನೋಟ್ರ ಡಾಮ್ ಇದ್ದದ್ದೂ ಅದೇ ಪಟ್ಟಿಯಲ್ಲಿ. ನಮ್ಮ ಬಸ್ಸಿನಲ್ಲಿದ್ದ ನಲವತ್ತೆಂಟು ಜನರಲ್ಲಿ ನೋಟ್ರ ಡಾಮ್ ಹೆಸರು ಕೇಳಿದವರು ಬಹಳ ಜನ ಇದ್ದರು, ಸುರಂಗ ಬಾವಿ ಕೇಳಿದವರು ಮೂವರು.

ಇದನ್ನು ಬೇರೆ ದೇಶದವರು ಹೇಗೆ ಮಾಡುತ್ತಾರೆ ನೋಡಿ. ಪೋಲೆಂಡಿನ ಕ್ರಾಕೋವ್ ಹಳೇ ರಾಜಧಾನಿ. ಅದರ ಪಕ್ಕದಲ್ಲೇ ವಿಯೆಲಿಚ್ಕಾ ಎಂಬಲ್ಲಿ 13ನೇ ಶತಮಾನದಿಂದ ಅಗೆದ ಉಪ್ಪಿನ ಗಣಿ ಇದೆ. ಯುನೆಸ್ಕೊ 1978ರಲ್ಲಿ ವಿಶ್ವ ಪರಂಪರೆಯ ಮೊಟ್ಟಮೊದಲ 12 ತಾಣಗಳನ್ನು ಹೆಸರಿಸಿದಾಗ ನಗರವೂ ಇತ್ತು, ಗಣಿಯೂ ಇತ್ತು. ಉಪ್ಪು ತೆಗೆಯುವ ವ್ಯಾಪಾರ 1996ರಲ್ಲಿ ನಿಂತಿತು. ಗಣಿ ಮಾತ್ರ ಮುಚ್ಚಲಿಲ್ಲ. ಇವತ್ತಿಗೂ ಪ್ರವಾಸಿಗರು ಬೆಳಿಗ್ಗೆ ನಗರ ನೋಡಿ ಮಧ್ಯಾಹ್ನ ಗಣಿಗೆ ಇಳಿಯುವ ಒಂದು ದಿನದ ಪ್ಯಾಕೇಜ್ ಕೊಳ್ಳುತ್ತಾರೆ. ಸುಮಾರು 800 ಮೆಟ್ಟಿಲು, ನೂರು ಮೀಟರಿಗೂ ಹೆಚ್ಚು ಆಳ. ಗೈಡ್ ಇಲ್ಲದೆ ಒಬ್ಬರನ್ನೂ ಒಳಗೆ ಬಿಡುವುದಿಲ್ಲ. ಆ ನಿಯಮದಿಂದಲೇ ನೂರಾರು ಗೈಡುಗಳಿಗೆ ಕೆಲಸ. ಮೇಲಿನ ನಗರವನ್ನು ಯಾರು ಬೇಕಾದರೂ ಫೋನ್ ನೋಡಿಕೊಂಡು ತಿರುಗಬಹುದು, ನೆಲದಡಿ ಮಾತ್ರ ದಾರಿ ಬಲ್ಲ ಮನುಷ್ಯನೇ ಬೇಕು. ಡಿಗ್ರಿ ಮುಗಿಸಿ ಬೆಂಗಳೂರಿನ ಬಸ್ಸಿಗೆ ಕಾಯುವ ನಮ್ಮಂಥವರು ಈ ಮಾತನ್ನು ಎರಡು ಸಲ ಓದಿಕೊಳ್ಳಬೇಕು.

ನಮ್ಮ ರಾಜ್ಯದಲ್ಲೇ ಬೀದರಿನಲ್ಲಿ ಒಂದು ಹೆಜ್ಜೆ ಮುಂದಿಟ್ಟಿದ್ದಾರೆ. ಬಹಮನಿಗಳ ಕಾಲದ ನೌಬಾದ್ ಕರೇಜ್ ಎರಡು ಕಿಲೋಮೀಟರಿಗೂ ಉದ್ದ. ಮಣ್ಣು ತುಂಬಿ ಮರೆತುಹೋಗಿದ್ದನ್ನು ಕೆಲವು ವರ್ಷಗಳ ಹಿಂದೆ ಹೂಳು ತೆಗೆದು ಬೆಳಕಿಗೆ ತಂದರು. ವಿಜಯಪುರದಲ್ಲಿ ತಾಜ್ ಬಾವಡಿಯ ಹೂಳನ್ನೂ ತೆಗೆದದ್ದುಂಟು. ಕಾಸರಗೋಡು, ದಕ್ಷಿಣ ಕನ್ನಡದ ಗುಡ್ಡಗಳಲ್ಲಂತೂ ರೈತರು ಸ್ವಂತ ಖರ್ಚಿನಲ್ಲಿ ಕೊರೆಸಿದ ಸುರಂಗದ ನೀರಿನಿಂದಲೇ ಅಡಿಕೆ ತೋಟ ಸಾಕುತ್ತಾರೆ. ಅಲ್ಲಿಯೂ ಅದಕ್ಕೆ 'ಸುರಂಗ' ಅಂತಲೇ ಹೆಸರು.

ಇದಕ್ಕೆ ಬರುವ ಆಕ್ಷೇಪ ಗೊತ್ತು. ಅಪಾಯ, ಅಂತಾರೆ. ನಿಜ, ಅಪಾಯವೇ. ಹಳೇ ಸುರಂಗದಲ್ಲಿ ಆಮ್ಲಜನಕ ಕಡಿಮೆ ಇರಬಹುದು, ಮಳೆಗಾಲದಲ್ಲಿ ನೀರು ಏರಬಹುದು, ಚಾವಣಿಯ ಕಲ್ಲು ಸಡಿಲಾಗಿರಬಹುದು, ಬಾವಲಿಗಳಂತೂ ಇದ್ದೇ ಇರುತ್ತವೆ. ಅದಕ್ಕೇ ಅಲ್ಲವೇ ನಾನು ಗೈಡ್ ಬೇಕು ಅನ್ನುತ್ತಿರುವುದು? ಮೊದಲು ತಜ್ಞರು ಒಳಹೊಕ್ಕು ಗಟ್ಟಿ ಇರುವ ಭಾಗ ಯಾವುದು ಎಂದು ಗುರುತಿಸಲಿ. ಅಷ್ಟನ್ನೇ, ಐವತ್ತು ಮೀಟರ್ ಆದರೂ ಸರಿ, ತೆರೆಯಲಿ. ಒಮ್ಮೆಗೆ ಹದಿನೈದು ಜನ, ಹೆಲ್ಮೆಟ್, ಗಾಳಿ ಅಳೆಯುವ ಮೀಟರ್, ಮಳೆಗಾಲದಲ್ಲಿ ಬಂದ್. ಒಳಗೆ ಬಿಡುವಂತಿಲ್ಲ ಎಂದು ತಜ್ಞರು ಹೇಳಿದರೆ ಕಿಂಡಿಯ ಮೇಲೆ ಗಟ್ಟಿ ಜಾಲರಿ ಹಾಕಿ, ಒಳಗೆ ದೀಪ ಇಳಿಬಿಟ್ಟು, ಪಕ್ಕದಲ್ಲಿ ಒಂದು ಮಾದರಿ ಇಟ್ಟು ತೋರಿಸಲಿ. ಅದೂ ಇವತ್ತಿಗಿಂತ ನೂರು ಪಾಲು ಮೇಲು.

ನೆಲದಡಿಗೆ ಸುರಕ್ಷಿತವಾಗಿ ಇಳಿದು ಬರುವುದು ಹೇಗೆ ಎಂದು ಬಲ್ಲವರಿಗೆ ಪೋಲೆಂಡಿಗೆ ಹೋಗಬೇಕಿಲ್ಲ. ಇಳಕಲ್ಲಿನಿಂದ ಪೂರ್ವಕ್ಕೆ, ಲಿಂಗಸುಗೂರು ದಾಟಿದರೆ ಹಟ್ಟಿ ಚಿನ್ನದ ಗಣಿ. ಪ್ರತಿ ಪಾಳಿಗೂ ಕಾರ್ಮಿಕರು ಅಲ್ಲಿ ಕೆಳಗಿಳಿದು ಮೇಲೆ ಬರುತ್ತಾರೆ. ಕಲ್ಲಿನ ಮೇಲೆ ಕೋಲು ಬಡಿದು, ಸದ್ದು ಕೇಳಿ, ಗಟ್ಟಿಯೋ ಟೊಳ್ಳೋ ಎಂದು ಹೇಳುವ ನಿವೃತ್ತ ಗಣಿ ಕಾರ್ಮಿಕರು ಆ ಭಾಗದ ಊರುಗಳಲ್ಲಿ ಸಿಗುತ್ತಾರೆ. ಗೈಡುಗಳಿಗೆ ಅವರಿಂದ ಹದಿನೈದು ದಿನದ ತರಬೇತಿ ಕೊಡಿಸಿದರೆ ಯಾವ ಪಿಪಿಟಿಯೂ ಬೇಡ.

ಇನ್ನೊಂದು ಆಕ್ಷೇಪ, ಜನ ಬಂದರೆ ಹಾಳು ಮಾಡುತ್ತಾರೆ ಎಂಬುದು. ಗೋಡೆಗೆ ಹೃದಯ ಕೆತ್ತಿ ಬಾಣ ಹೊಡೆಯುವ ಪ್ರತಿಭಾವಂತರು ನಮ್ಮಲ್ಲಿ ಕಡಿಮೆ ಇಲ್ಲ, ಒಪ್ಪಿದೆ. ಆದರೆ ಯಾರೂ ಬಾರದ ಜಾಗವನ್ನು ನೋಡಿದ್ದೀರಾ? ನಮ್ಮ ಊರುಗಳಲ್ಲಿ ಬಳಸದೆ ಬಿಟ್ಟ ಬಾವಿ ಎರಡೇ ವರ್ಷಕ್ಕೆ ಕಸದ ತೊಟ್ಟಿ. ಲೇಔಟ್ ಬಂದರೆ ಕಿಂಡಿ ಮುಚ್ಚಲು ಒಂದು ಟ್ರ್ಯಾಕ್ಟರ್ ಮಣ್ಣು ಸಾಕು. ಕೆಳಗೇನಿದೆ ಎಂದು ಗೊತ್ತಿಲ್ಲದವನಿಗೆ ಅದು ಬರೀ ಗುಂಡಿ.

ನಮ್ಮದೇ ಪಾಲು ಏನು ಎಂದರೆ, ಎಂಜಿನಿಯರಿಂಗ್ ಗೆಳೆಯರಿಗೆ ಆಕ್ಟಿವಿಟಿ ಪಾಯಿಂಟ್ಸ್ ನೆನಪಿಸಬೇಕು. ವಿಟಿಯು ಪದವಿ ಕೈಗೆ ಬರಬೇಕಾದರೆ ನಾಲ್ಕು ವರ್ಷದಲ್ಲಿ 100 ಪಾಯಿಂಟ್ ಆಗಬೇಕು. ಎಐಸಿಟಿಇ ಕೊಟ್ಟಿರುವ ಚಟುವಟಿಕೆಗಳ ಪಟ್ಟಿಯಲ್ಲಿ ಸುಸ್ಥಿರ ನೀರು ನಿರ್ವಹಣೆಯೂ ಇದೆ, ಪ್ರವಾಸೋದ್ಯಮಕ್ಕೆ ಹೊಸ ದಾರಿ ಹುಡುಕುವುದೂ ಇದೆ. ಸುರಂಗ ಬಾವಿ ಎರಡಕ್ಕೂ ಸಲ್ಲುತ್ತದೆ. ನಾವು ಮಾಡುವುದೇನು? ಬ್ಯಾನರ್ ಹಿಡಿದು, ಒಂದೇ ಸಸಿಯನ್ನು ಮೂವತ್ತು ಜನ ಮುಟ್ಟಿ, ಫೋಟೋ ತೆಗೆದು ಅಪ್‌ಲೋಡ್. ಸರ್ವೇ ಪ್ರಾಕ್ಟಿಕಲ್ ಅಂದರೆ ಪ್ರತಿ ಬ್ಯಾಚೂ ಅದೇ ಕಾಲೇಜು ಮೈದಾನ ಅಳೆಯುತ್ತದೆ, ಹಿಂದಿನ ವರ್ಷದವರ ರೆಕಾರ್ಡ್ ಬುಕ್ ಸಿಕ್ಕರೆ ಮೈದಾನಕ್ಕೂ ಇಳಿಯಬೇಕಿಲ್ಲ. ಅದೇ ಟೋಟಲ್ ಸ್ಟೇಷನ್ ಒಯ್ದು, ಇಲಾಖೆಯ ಅನುಮತಿ ಪಡೆದು, ತೊರವಿಯಿಂದ ಊರಿನವರೆಗೆ ನೆಲದ ಮೇಲೆ ಕಾಣುವ ಕಿಂಡಿಗಳನ್ನು, ಗಂಜ್‌ಗಳನ್ನು ಗುರುತಿಸಿ ನಕ್ಷೆ ಮಾಡಿದರೆ? ಒಳಗೆ ಇಳಿಯುವುದೇ ಬೇಡ. ಎರಡು ಕಿಂಡಿಗಳ ನಡುವಿನ ಎತ್ತರದ ವ್ಯತ್ಯಾಸ ಅಳೆದರೆ ಅಂದಿನವರ ಇಳಿಜಾರಿನ ಲೆಕ್ಕದ ಅಂದಾಜು ಶುರುವಾಗುತ್ತದೆ. ನಕ್ಷೆ ಇದ್ದರೆ ಲೇಔಟಿನವನಿಗೂ 'ಗೊತ್ತಿರಲಿಲ್ಲ' ಅನ್ನಲು ಬಾಯಿ ಇರುವುದಿಲ್ಲ.

ಇದೆಲ್ಲ ನನಗೇಕೆ ಇಷ್ಟು ಅಂಟಿಕೊಂಡಿದೆ ಎಂದು ರೂಮ್‌ಮೇಟ್ ಕೇಳುತ್ತಾಳೆ. ನಮ್ಮ ಮನೆಯಲ್ಲಿ ಅಪ್ಪ ನೇಯುವುದು ಕುಣಿಮಗ್ಗದಲ್ಲಿ. ಕಾಲು ನೆಲದೊಳಗಿನ ಕುಣಿಯಲ್ಲಿ, ಸೀರೆ ಮೇಲೆ. ಕೊಳ್ಳಲು ಬಂದವರು ಸೆರಗಿನ ತೋಪು-ತೆನೆ ನೋಡಿ ಮೆಚ್ಚುತ್ತಾರೆ, ಒಡಲಿನ ಎಳೆಗೆ ಸೆರಗಿನ ಎಳೆ ಕೂಡಿಸುವ ಕೊಂಡಿ ಹೇಗೆ ಹಾಕುತ್ತಾರೆ ಎಂದು ಕೇಳುವವರು ಅಪರೂಪ. ಕೇಳಿದ ದಿನ ಅಪ್ಪ ಊಟ ತಡ ಮಾಡಿಯಾದರೂ ತೋರಿಸುತ್ತಾರೆ, ಅಂಥ ಗಿರಾಕಿ ರೇಟಿಗೆ ಚೌಕಾಸಿ ಮಾಡುವುದೂ ಕಡಿಮೆ. ಜೊತೆಗೆ ಬಾಗಲಕೋಟೆಯಲ್ಲಿ ಓದುವವರಿಗೆ ನೀರಿನ ಕಥೆ ಪುಸ್ತಕದ್ದಲ್ಲ. ಆಲಮಟ್ಟಿಯ ಹಿನ್ನೀರಿಗೆ ಅರ್ಧ ಊರು ಕೊಟ್ಟು ನವನಗರ ಕಟ್ಟಿಕೊಂಡವರ ನಡುವೆ ಇದ್ದೇವೆ. ಅಷ್ಟು ದೊಡ್ಡ ಅಣೆಕಟ್ಟೆ ಕಣ್ಣೆದುರಿಗಿದ್ದೂ ಬೇಸಿಗೆಯಲ್ಲಿ ನಮ್ಮ ಓಣಿಗಳಲ್ಲಿ ಕೊಡ ಸಾಲು ನಿಲ್ಲುವುದು ತಪ್ಪಿಲ್ಲ. ಸುರಂಗ ಬಾವಿ ಅದಕ್ಕೆ ಪರಿಹಾರ ಎಂದು ನಾನು ಹೇಳಲಾರೆ, ಆ ಕಾಲದ ಊರು ಬೇರೆ, ಈ ಕಾಲದ ಜನಸಂಖ್ಯೆ ಬೇರೆ. ಆದರೆ ನಾಳೆ ಪೈಪ್‌ಲೈನ್ ಡಿಸೈನ್ ಮಾಡುವವರು ಪಂಪ್ ಇಲ್ಲದೆ ನೀರು ಹರಿದ ಜಾಗವನ್ನು ಒಮ್ಮೆ ಕಣ್ಣಾರೆ ನೋಡಿರಬೇಕು.

ಟ್ರಿಪ್ಪಿಗೆ ಹೆಚ್ಚು ಸಮಯವೂ ಬೇಡ. ಬೆಳಿಗ್ಗೆ ಆರಕ್ಕೆ ಹೊರಟು ಆಲಮಟ್ಟಿ ಹತ್ತಿರ ಕೃಷ್ಣೆ ದಾಟಿದರೆ ಒಂಬತ್ತರೊಳಗೆ ಗುಮ್ಮಟ. ಗ್ಯಾಲರಿಯಲ್ಲಿ ಶಿಳ್ಳೆ ಶುರುವಾಗುವ ಮುಂಚೆ ಹೋದಷ್ಟೂ ಒಳ್ಳೆಯದು. ಮಧ್ಯಾಹ್ನದವರೆಗೆ ಇಬ್ರಾಹಿಂ ರೋಜಾ, ದಾರಿಯಲ್ಲಿ ಒಂದೆರಡು ಗಂಜ್, ತಾಜ್ ಬಾವಡಿ. ಊಟವಾದ ಮೇಲೆ ತೊರವಿ, ಎರಡು ತಾಸು. ಬಾರಾ ಕಮಾನ್ ಬಿಟ್ಟರೂ ನಡೆಯುತ್ತದೆ ಎಂದರೆ ನಮ್ಮ ಕ್ಲಾಸಿನ ರೀಲ್ಸ್ ಗ್ಯಾಂಗ್ ಜಗಳಕ್ಕೆ ಬರುತ್ತದೆ, ಅದಕ್ಕೆ ಅರ್ಧ ಗಂಟೆ ಇಟ್ಟಿದ್ದೇವೆ.

ಮುಂದಿನ ಸೆಮಿಸ್ಟರಿನಲ್ಲಿ ಈ ಪಟ್ಟಿಯಂತೆ ಕರೆದೊಯ್ಯಬೇಕು, ತೊರವಿಯಲ್ಲಿ ಮೇಲ್ಮೈ ಸರ್ವೇಗೆ ಅನುಮತಿ ಕೇಳಬೇಕು ಎಂದು ವಿಭಾಗದ ಮುಖ್ಯಸ್ಥರಿಗೆ ಅರ್ಜಿ ಬರೆದಿದ್ದೇವೆ. ಇದುವರೆಗೆ ಇಪ್ಪತ್ತಾರು ಸಹಿ ಬಿದ್ದಿವೆ. ಮೆಕ್ಯಾನಿಕಲ್‌ನವರೂ ಬರುತ್ತೇವೆ ಅನ್ನುತ್ತಿದ್ದಾರೆ. ಬಸ್ಸಿನಲ್ಲಿ ಸೀಟು ಉಳಿದರೆ ನೋಡೋಣ ಎಂದಿದ್ದೇವೆ.