ಪೇಸ್ಟ್ ಟ್ಯೂಬಿನ ಚಿನ್ನ, ತಲೆಯೊಳಗಿನ ಧನ

1940ನೆಯ ಇಸವಿ. ಹಿಟ್ಲರನ ಸೈನ್ಯ ಫ್ರಾನ್ಸಿನೊಳಕ್ಕೆ ನುಗ್ಗಿತ್ತು. ಪ್ರಾಣ ಉಳಿಸಿಕೊಳ್ಳಲು ದೇಶ ಬಿಟ್ಟು ಹೊರಟಿದ್ದ ಯಹೂದಿ ಕುಟುಂಬವೊಂದರಲ್ಲಿ ಹನ್ನೆರಡು ವರ್ಷದ ಹುಡುಗನಿದ್ದ. ಹೊರಡುವ ಮುನ್ನ ಅವನು ಮಾಡಿದ ಕೆಲಸ ವಿಚಿತ್ರವಾದದ್ದು. ಮನೆಯಲ್ಲಿ ಉಳಿದಿದ್ದ ಚಿನ್ನದ ನಾಣ್ಯಗಳನ್ನು ಟೂತ್‌ಪೇಸ್ಟ್ ಟ್ಯೂಬುಗಳೊಳಗೆ ತುರುಕಿದ. ಆಸ್ತಿಯೆಂದು ಜೊತೆಗೆ ಒಯ್ಯಲು ಸಾಧ್ಯವಾದದ್ದು ಅಷ್ಟೇ.

ಆ ಹುಡುಗನ ಹೆಸರು ಫೆಲಿಕ್ಸ್ ರೊಹಾಟಿನ್. ಹುಟ್ಟಿದ್ದು 1928ರ ಮೇ 29ರಂದು, ಆಸ್ಟ್ರಿಯಾದ ವಿಯೆನ್ನಾದಲ್ಲಿ. ಫ್ರಾನ್ಸಿನಲ್ಲಿದ್ದ ಬ್ರೆಜಿಲ್ ದೇಶದ ರಾಯಭಾರಿ ಸೋಜಾ ದಾಂತಾಸ್ ತಮ್ಮ ಸರ್ಕಾರದ ಆಜ್ಞೆಯನ್ನೂ ಮೀರಿ ನೂರಾರು ನಿರಾಶ್ರಿತರಿಗೆ ವೀಸಾ ಕೊಟ್ಟಿದ್ದರು. ಈ ಕುಟುಂಬವೂ ಅದರಿಂದಲೇ ಬದುಕಿತು. ಕಾಸಾಬ್ಲಾಂಕಾ, ಲಿಸ್ಬನ್, ಬ್ರೆಜಿಲ್ ದಾಟಿ 1942ರಲ್ಲಿ ನ್ಯೂಯಾರ್ಕ್ ಸೇರಿತು. ಮನುಷ್ಯನಿಗೆ ಶಾಶ್ವತವಾದ ಸಂಪತ್ತು ಅವನ ತಲೆಯೊಳಗೆ ಇರುವುದೊಂದೇ ಎಂಬ ಪಾಠವನ್ನು ಆ ಪ್ರಯಾಣದಲ್ಲಿ ಕಲಿತೆನೆಂದು ರೊಹಾಟಿನ್ ಮುಂದೆ ಹೇಳುತ್ತಿದ್ದರು. ನಮ್ಮ ಹಿರಿಯರು ವಿದ್ಯೆಯ ಬಗ್ಗೆ ಹೇಳುತ್ತಿದ್ದುದೂ ಇದನ್ನೇ ಅಲ್ಲವೇ?

ಈ ಕಥೆ ನೆನಪಾಗಲು ಕಾರಣವಿದೆ. ಪೋಷಕರ ಸಭೆಗಳಲ್ಲಿ ನನಗೆ ಆಗಾಗ ಎದುರಾಗುವ ಪ್ರಶ್ನೆ ಇದು: "ಸಾರ್, ಬಿ.ಎಸ್ಸಿ. ಮಾಡಿ ಕೊನೆಗೆ ಬ್ಯಾಂಕ್ ಪರೀಕ್ಷೆ ಬರೆಯೋದಾದ್ರೆ ಫಿಸಿಕ್ಸ್ ಓದಿದ್ದು ದಂಡ ತಾನೆ?" ರೊಹಾಟಿನ್ 1949ರಲ್ಲಿ ಮಿಡಲ್ಬರಿ ಕಾಲೇಜಿನಿಂದ ಪಡೆದ ಪದವಿ ಭೌತಶಾಸ್ತ್ರದ್ದು. ಸೇರಿದ್ದು ಲಜಾರ್ ಫ್ರೇರ್ ಎಂಬ ಸಂಸ್ಥೆಯನ್ನು. ಆಗಿದ್ದು ಇನ್ವೆಸ್ಟ್‌ಮೆಂಟ್ ಬ್ಯಾಂಕರ್!

ಇನ್ವೆಸ್ಟ್‌ಮೆಂಟ್ ಬ್ಯಾಂಕ್ ಎಂದರೆ ನಾವು ಪಾಸ್‌ಬುಕ್ ಹಿಡಿದು ಹೋಗುವ ಬ್ಯಾಂಕಲ್ಲ. ಕಂಪನಿಗಳಿಗೂ ಸರ್ಕಾರಗಳಿಗೂ ಷೇರು, ಬಾಂಡುಗಳ ಮೂಲಕ ಬಂಡವಾಳ ಎತ್ತಿಕೊಡುವುದು, ಒಂದು ಕಂಪನಿ ಇನ್ನೊಂದನ್ನು ಕೊಳ್ಳುವಾಗ ಬೆಲೆ ಕಟ್ಟಿ ಮಾತುಕತೆ ನಡೆಸುವುದು ಅದರ ಕೆಲಸ. ಈ ವಿದ್ಯೆಯಲ್ಲಿ ರೊಹಾಟಿನ್ ಪಳಗಿದರು. ಐ.ಟಿ.ಟಿ. ಎಂಬ ಕಂಪನಿ ಒಂದಾದ ಮೇಲೊಂದು ಕಂಪನಿಗಳನ್ನು ಕೊಂಡು ಬೆಳೆದಾಗ ಅದರ ಸಲಹೆಗಾರರು ಅವರೇ. ಅಂಥ ಒಂದು ವ್ಯವಹಾರದ ವಿವಾದ 1972ರಲ್ಲಿ ಸೆನೆಟ್ ವಿಚಾರಣೆಯವರೆಗೆ ಹೋಗಿ ಅವರ ಹೆಸರಿಗೂ ಮಸಿ ತಾಗಿತು. ಅವರ ಬದುಕು ಅಲ್ಲಿಗೇ ಮುಗಿದಿದ್ದರೆ ಇಂದು ನಾವು ಅವರನ್ನು ನೆನೆಯುತ್ತಿರಲಿಲ್ಲ.

1975ರಲ್ಲಿ ನ್ಯೂಯಾರ್ಕ್ ನಗರದ ಖಜಾನೆ ಬರಿದಾಯಿತು. ಜಗತ್ತಿನ ಹಣದ ರಾಜಧಾನಿ ಎನಿಸಿಕೊಂಡ ಊರು ಅದು! ಕಾರ್ಖಾನೆಗಳೂ ಮಧ್ಯಮ ವರ್ಗದವರೂ ಊರು ಬಿಟ್ಟಂತೆ ತೆರಿಗೆ ಇಳಿಯಿತು. ಖರ್ಚು ಮಾತ್ರ ಏರಿತು. ಹಾಸಿಗೆ ಇದ್ದಷ್ಟು ಕಾಲು ಚಾಚುವ ಬದಲು ನಗರಾಡಳಿತ ಲೆಕ್ಕವನ್ನೇ ತಿರುಚಿತು. ಮುಂದೆ ಬರಬಹುದಾದ ಆದಾಯವನ್ನು ಈಗಲೇ ಬಂದಂತೆ ಬರೆದುಕೊಂಡಿತು. ದಿನನಿತ್ಯದ ಖರ್ಚನ್ನು ಕಟ್ಟಡ, ಸೇತುವೆಗಳ ಲೆಕ್ಕಕ್ಕೆ ತುಂಬಿತು. ಸಂಬಳ ಕೊಡಲೂ ಅಲ್ಪಾವಧಿ ಸಾಲ, ಆ ಸಾಲ ತೀರಿಸಲು ಮತ್ತೊಂದು ಸಾಲ. ಒಟ್ಟು ಸಾಲ ಸುಮಾರು 1,400 ಕೋಟಿ ಡಾಲರ್ ಮುಟ್ಟಿದಾಗ ಬ್ಯಾಂಕುಗಳು ಕೈ ಎತ್ತಿದವು.

ರಾಜ್ಯದ ಗವರ್ನರ್ ಹ್ಯೂ ಕ್ಯಾರಿ ರೊಹಾಟಿನ್ ಅವರ ನೆರವು ಕೇಳಿದರು. ಅದೇ ಜೂನ್ ತಿಂಗಳಲ್ಲಿ ಮುನಿಸಿಪಲ್ ಅಸಿಸ್ಟೆನ್ಸ್ ಕಾರ್ಪೊರೇಷನ್ ಎಂಬ ಸಂಸ್ಥೆ ಹುಟ್ಟಿತು. ಅದರ ಉಪಾಯ ಸರಳವಾದದ್ದು. ನಗರದ ಮಾರಾಟ ತೆರಿಗೆ ಮೊದಲು ಈ ಸಂಸ್ಥೆಯ ಕೈಗೆ ಬರಬೇಕು. ಆ ಭದ್ರತೆಯ ಮೇಲೆ ಸಂಸ್ಥೆ ದೀರ್ಘಾವಧಿ ಬಾಂಡುಗಳನ್ನು ಮಾರಿ, ಕುತ್ತಿಗೆಗೆ ಬಂದಿರುವ ಅಲ್ಪಾವಧಿ ಸಾಲ ತೀರಿಸಬೇಕು. ದಿನಾ ಬಾಗಿಲಿಗೆ ಬಂದು ನಿಲ್ಲುವ ಕೈಸಾಲವನ್ನು ವರ್ಷಗಟ್ಟಲೆ ಕಂತಿನ ಸಾಲವಾಗಿ ಬದಲಾಯಿಸಿದಂತೆ.

ಆದರೆ ನಂಬಿಕೆ ಕಳೆದುಕೊಂಡವರ ಬಾಂಡನ್ನು ಕೊಳ್ಳುವವರು ಯಾರು? ಮೊದಲು ಊರು ತನ್ನ ಖರ್ಚು ಕಡಿಮೆ ಮಾಡಿ ತೋರಿಸಬೇಕು ಎಂದು ರೊಹಾಟಿನ್ ಪಟ್ಟು ಹಿಡಿದರು. ಸಂಬಳ ಏರಿಕೆ ನಿಂತಿತು. ಸಾವಿರಾರು ನೌಕರರು, ಶಿಕ್ಷಕರು ಕೆಲಸ ಕಳೆದುಕೊಂಡರು. ಸುರಂಗ ರೈಲಿನ ದರ 35 ಸೆಂಟ್‌ನಿಂದ 50 ಸೆಂಟ್‌ಗೆ ಏರಿತು.

ಅಕ್ಟೋಬರ್ 17, ಶುಕ್ರವಾರ. ಅಂದು ಒಂದೇ ದಿನ 45.3 ಕೋಟಿ ಡಾಲರ್ ಸಾಲ ತೀರಿಸಬೇಕಾಗಿತ್ತು. ಹಣ ಸಾಲದು. ದಿವಾಳಿ ಅರ್ಜಿ ಸಿದ್ಧವಾಗಿತ್ತು. ಉಳಿದಿದ್ದ ಆಸರೆ ಒಂದೇ: ಶಿಕ್ಷಕರ ನಿವೃತ್ತಿ ನಿಧಿಯಿಂದ 15 ಕೋಟಿ ಡಾಲರ್ ತೆಗೆದು ಆ ಬಾಂಡುಗಳನ್ನು ಕೊಳ್ಳುವುದು. ಶಿಕ್ಷಕರ ಸಂಘದ ಮುಖ್ಯಸ್ಥ ಆಲ್ಬರ್ಟ್ ಶ್ಯಾಂಕರ್ ಹಿಂದೆ ಗಣಿತದ ಮೇಷ್ಟ್ರಾಗಿದ್ದವರು. ಮೊದಲು ಅವರು ಒಪ್ಪಲಿಲ್ಲ. ಹೇಗೆ ಒಪ್ಪಿಯಾರು? ಮುಪ್ಪಿಗೆಂದು ತಿಂಗಳು ತಿಂಗಳೂ ಕೂಡಿಟ್ಟ ಹಣ ಅದು. ಸಂಬಳದಲ್ಲಿ ಕಡಿತವಾಗುವ ಪ್ರತಿ ರೂಪಾಯಿಯ ಬೆಲೆ ಬಲ್ಲ ಮೇಷ್ಟ್ರಾದ ನನಗೆ ಅವರ ಸಂಕಟ ಚೆನ್ನಾಗಿ ಅರ್ಥವಾಗುತ್ತದೆ. ಆದರೆ ಊರೇ ದಿವಾಳಿಯಾದರೆ ಶಾಲೆ ಎಲ್ಲಿ, ಸಂಬಳ ಎಲ್ಲಿ? ಮಧ್ಯಾಹ್ನದ ಹೊತ್ತಿಗೆ ಅವರು ಹೂಂ ಎಂದರು. ನ್ಯೂಯಾರ್ಕ್ ಆ ದಿನ ಉಳಿಯಿತು. ಕೈ ಚೆಲ್ಲಿದ್ದ ಅಧ್ಯಕ್ಷ ಫೋರ್ಡ್ ಕೂಡ ಡಿಸೆಂಬರಿನಲ್ಲಿ ಕೇಂದ್ರದ ಸಾಲಕ್ಕೆ ಸಹಿ ಹಾಕಿದರು.

ನಗರ ಉಳಿಸಿದವರೆಂದು ರೊಹಾಟಿನ್ ಅವರನ್ನು ಜನ ಹೊಗಳಿದರು. ಹೊಗಳಿಕೆ ನ್ಯಾಯವೇ. ಸಂಸ್ಥೆಯ ಅಧ್ಯಕ್ಷರಾಗಿ 1993ರವರೆಗೆ ದುಡಿದರು. 1997ರಿಂದ 2000ದವರೆಗೆ, ತಾವು ಬಾಲ್ಯದಲ್ಲಿ ಓಡಿಬಂದಿದ್ದ ಫ್ರಾನ್ಸಿಗೇ ಅಮೆರಿಕದ ರಾಯಭಾರಿಯಾಗಿ ಹೋದರು. ಊರಿನ ಪರವಾಗಿ ಸಂಸ್ಥೆ ಮಾಡಿದ್ದ ಸಾಲ 2008ರಲ್ಲಿ ಪೂರ್ತಿ ತೀರಿತು. 2019ರ ಡಿಸೆಂಬರ್ 14ರಂದು, 91ನೆಯ ವಯಸ್ಸಿನಲ್ಲಿ, ರೊಹಾಟಿನ್ ತೀರಿಕೊಂಡರು.

ಆದರೆ ವಿದ್ಯಾರ್ಥಿಗಳು ಇನ್ನೊಂದು ಸಂಗತಿಯನ್ನೂ ತಿಳಿದಿರಬೇಕು. ಆ ನಗರದ ಸಾರ್ವಜನಿಕ ಕಾಲೇಜುಗಳಲ್ಲಿ 1847ರಿಂದ ಬೋಧನಾ ಶುಲ್ಕ ಇರಲಿಲ್ಲ. ಬಡವರ, ವಲಸಿಗರ ಮಕ್ಕಳು ಅಲ್ಲಿ ಓದಿ ಮೇಲೆ ಬಂದರು. 1976ರಲ್ಲಿ ಅಲ್ಲಿ ಶುಲ್ಕ ಬಂತು. ಹಣ ಹೂಡುವವರ ನಂಬಿಕೆ ಗಳಿಸಲು ಇಂಥ ಕಠಿಣ ಕ್ರಮಗಳು ಬೇಕು ಎಂದವರಲ್ಲಿ ರೊಹಾಟಿನ್ ಕೂಡ ಒಬ್ಬರು. ವಿದ್ಯೆಯೊಂದೇ ಶಾಶ್ವತ ಸಂಪತ್ತು ಎಂದು ನಂಬಿದ ಮನುಷ್ಯನ ಲೆಕ್ಕದಲ್ಲೇ ಬಡಮಕ್ಕಳ ವಿದ್ಯೆಗೆ ಬೆಲೆ ಕಟ್ಟಬೇಕಾಗಿ ಬಂತು. ತಪ್ಪು ಲೆಕ್ಕ ಬರೆದವರು ಒಬ್ಬರು, ದಂಡ ತೆತ್ತವರು ಇನ್ನೊಬ್ಬರು. ಸುಳ್ಳು ಲೆಕ್ಕದ ನಿಜವಾದ ಅಪಾಯ ಇದೇ.

ಇನ್ನು ಆ ಪೋಷಕರ ಪ್ರಶ್ನೆ. ಭೌತಶಾಸ್ತ್ರದ ಯಾವ ಸೂತ್ರವೂ ನ್ಯೂಯಾರ್ಕಿನ ಸಾಲ ತೀರಿಸಲಿಲ್ಲ, ನಿಜ. ಆದರೆ ಪ್ರಯೋಗಶಾಲೆಯಲ್ಲಿ ನಾವು ಕಲಿಸುವುದು ಸೂತ್ರವನ್ನಷ್ಟೇ ಅಲ್ಲ. ಮಾಪಕ ತೋರಿಸಿದ ಅಂಕಿಯನ್ನೇ ಬರೆಯಬೇಕು, ಉತ್ತರ ಬರಲೆಂದು ಅಂಕಿ ತಿದ್ದಬಾರದು ಎಂಬುದನ್ನೂ ಕಲಿಸುತ್ತೇವೆ. ಆ ಅಭ್ಯಾಸ ಇದ್ದವನು ಬ್ಯಾಂಕಿಗೆ ಹೋದರೂ, ನಗರಸಭೆಗೆ ಹೋದರೂ ಓದು ದಂಡವಾಗುವುದಿಲ್ಲ. ನಿಮ್ಮ ಮಗಳು ಫಿಸಿಕ್ಸ್ ಓದುತ್ತೇನೆಂದರೆ ಓದಲಿ ಬಿಡಿ. ಪ್ರಾಕ್ಟಿಕಲ್ ಪುಸ್ತಕದಲ್ಲಿ ಅಂಕಿ ತಿದ್ದುತ್ತಾಳೋ ಇಲ್ಲವೋ ಎಂಬುದನ್ನು ಮಾತ್ರ ನೋಡುತ್ತಿರಿ.