ಅಮ್ಮಿಯ ಡಿಸ್ಕು, ಕಂಪನಿಯ ಬೀಗ

2013ರಲ್ಲಿ ಅಮ್ಮಿಯ ಬಳಿ ಇದ್ದ 'ಮೊಘಲ್-ಎ-ಆಜಮ್' ಡಿವಿಡಿಯನ್ನು ಹಿಡಿದುಕೊಂಡು ಪರಿಚಯದ ಕಂಪ್ಯೂಟರ್ ಅಂಗಡಿಗೆ ಹೋಗಿದ್ದೆ. ಬಿಲ್ಲು ಸಮೇತ ಕೊಂಡ ಅಸಲಿ ಡಿಸ್ಕು ಅದು. ಗೀರು ಬೀಳುವ ಮೊದಲೇ ಅದರಲ್ಲಿರುವುದನ್ನು ಒಂದು ಫೈಲ್ ಮಾಡಿ ಹಾರ್ಡ್‌ಡಿಸ್ಕಿನಲ್ಲಿ ಇಡುವ ಆಸೆ. ಅಂಗಡಿಯ ಹುಡುಗ ತಲೆಯಾಡಿಸಿದ. "ಭಾಯ್, ಮದುವೆ ಸಿಡಿ ಆದ್ರೆ ಮಾಡಿಕೊಡ್ತೀನಿ. ಇದಕ್ಕೆ ಲಾಕ್ ಇದೆ, ಕಾಪಿ ಮಾಡಿದ್ರೆ ಕೇಸ್ ಆಗುತ್ತೆ."

ಮನೆಗೆ ಬಂದು ಹೇಳಿದಾಗ ಅಮ್ಮಿ ಕೇಳಿದ್ದು ಒಂದೇ ಪ್ರಶ್ನೆ: "ದುಡ್ಡು ಕೊಟ್ಟು ತಗೊಂಡಿದ್ದೀವಲ್ಲ ಬೇಟಾ, ನಮ್ಮದನ್ನ ನಾವು ಜೋಪಾನ ಮಾಡಿದ್ರೆ ಅದು ಚೋರಿ ಹೇಗಾಗುತ್ತೆ?"

ನನ್ನಲ್ಲಿ ಉತ್ತರವಿರಲಿಲ್ಲ. ಡಿಸ್ಕು ಮತ್ತೆ ಟ್ರಂಕು ಸೇರಿತು.

ಆ ಬೀಗದ ಕಥೆ ಕೇಳಿ. ಡಿವಿಡಿಗೆ ಕಂಪನಿಗಳು ಹಾಕಿದ ಗುಪ್ತಲಿಪಿ 1999ರಲ್ಲೇ ಒಡೆದುಹೋಯಿತು. ಅದನ್ನು ಬಿಚ್ಚುವ ಪ್ರೋಗ್ರಾಮನ್ನು ಹೊರತಂದವರಲ್ಲಿ ನಾರ್ವೆಯ ಹದಿಹರೆಯದ ಹುಡುಗ ಯಾನ್ ಲೆಕ್ ಯೋಹಾನ್ಸನ್ ಒಬ್ಬ. ಅವನ ಮೇಲೆ ಮೊಕದ್ದಮೆ ಹೂಡಿದರು. ತಾನು ಕೊಂಡ ಡಿಸ್ಕನ್ನು ತನಗೆ ಬೇಕಾದ ಕಂಪ್ಯೂಟರಿನಲ್ಲಿ ನೋಡುವುದು ಅಪರಾಧವಲ್ಲವೆಂದು 2003ರಲ್ಲಿ ಅಲ್ಲಿನ ನ್ಯಾಯಾಲಯ ಅವನನ್ನು ಬಿಡುಗಡೆ ಮಾಡಿತು. ಇಷ್ಟಕ್ಕೂ ಈ ಬೀಗ ತಡೆಯುವುದು ಯಾರನ್ನು? ಕಾರ್ಖಾನೆಯಲ್ಲಿ ಸಾವಿರಗಟ್ಟಲೆ ಅಚ್ಚುಹಾಕುವ ನಕಲುಕೋರ ಬೀಗವನ್ನೂ ಸೇರಿಸಿಯೇ ಅಚ್ಚುಹಾಕುತ್ತಾನೆ. ಬಾಗಿಲಲ್ಲಿ ನಿಲ್ಲುವವರು ಬಿಲ್ಲು ಕೊಟ್ಟ ಅಮ್ಮಿಯಂಥವರು ಮಾತ್ರ.

ನಮ್ಮ ಕಾನೂನು ಏನು ಹೇಳುತ್ತದೆ? 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್ ಖಾಸಗಿ, ವೈಯಕ್ತಿಕ ಉಪಯೋಗಕ್ಕೆ ನ್ಯಾಯಯುತ ಬಳಕೆಯನ್ನು ಒಪ್ಪುತ್ತದೆ. 2012ರ ತಿದ್ದುಪಡಿಯಿಂದ ಸಿನಿಮಾ ಕೂಡ ಅದರೊಳಗೆ ಬಂತು. ಅದೇ ತಿದ್ದುಪಡಿ 65ಎ ಎಂಬ ಸೆಕ್ಷನ್ ಸೇರಿಸಿ, ಬೀಗ ಮುರಿದವರಿಗೆ ಎರಡು ವರ್ಷದವರೆಗೆ ಜೈಲು ಎಂದಿತು. ಆದರೆ ಶಿಕ್ಷೆ ಇರುವುದು ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಮುರಿದವರಿಗೆ. ಮನೆಯಲ್ಲಿ ನೋಡಲೆಂದು ತನ್ನ ಡಿಸ್ಕನ್ನೇ ಫೈಲ್ ಮಾಡಿದವಳಿಗೆ ಆ ಉದ್ದೇಶ ಎಲ್ಲಿದೆ? ನನ್ನ ಓದಿನಲ್ಲಿ ಅಮ್ಮಿ ಕಳ್ಳಿಯಲ್ಲ.

ಅನ್ಯಾಯ ಅಡಗಿರುವುದು ಅದರ ಮುಂದಿನ ಸಾಲುಗಳಲ್ಲಿ. ಬೀಗ ತೆರೆಯಲು ಇನ್ನೊಬ್ಬರಿಗೆ ನೆರವಾದವನು ಆ ವ್ಯಕ್ತಿಯ ಹೆಸರು, ವಿಳಾಸ, ಉದ್ದೇಶ ಎಲ್ಲವನ್ನೂ ದಾಖಲೆ ಮಾಡಿಡಬೇಕಂತೆ. ಎಪ್ಪತ್ತು ದಾಟಿದ ಹೆಂಗಸು ಮಧುಬಾಲಾಳನ್ನು ನೋಡಬೇಕಾದರೆ ಅಂಗಡಿಯ ಹುಡುಗ ರಿಜಿಸ್ಟರ್ ಇಡಬೇಕು! ಅವನು 'ಆಗಲ್ಲ ಭಾಯ್' ಎನ್ನದೆ ಇನ್ನೇನು ಮಾಡಿಯಾನು?

ಹಾಗಾದರೆ ಪೈರಸಿಯ ಗತಿಯೇನು ಎನ್ನುವವರಿಗೆ ನನ್ನ ಉತ್ತರವಿದೆ. ನಾನೂ ಕಥೆ ಬರೆಯುವವನು. ನನ್ನ ಸಂಕಲನವನ್ನು ಝೆರಾಕ್ಸ್ ಮಾಡಿ ಮಾರುವವನ ಮೇಲೆ ನನಗೂ ಸಿಟ್ಟಿದೆ. ಆದರೆ ಹಾಳೆ ಕಿತ್ತುಹೋಗುತ್ತಿದೆಯೆಂದು ಓದುಗನೊಬ್ಬ ತನ್ನ ಪ್ರತಿಯನ್ನೇ ಝೆರಾಕ್ಸ್ ಮಾಡಿಟ್ಟುಕೊಂಡರೆ ಅವನನ್ನು ಅಪ್ಪಿಕೊಳ್ಳುತ್ತೇನೆ.

'ಹೊಸದು ಕೊಳ್ಳಿ' ಎನ್ನುತ್ತಾರೆ. ಯಾರಿಂದ? 28 ರೂಪಾಯಿಗೆ ವಿಸಿಡಿ, 34 ರೂಪಾಯಿಗೆ ಡಿವಿಡಿ ಮಾರಿ ಊರೂರು ತಲುಪಿದ್ದ ಮೋಸರ್ ಬೇರ್ ಕಂಪನಿಯೇ 2018ರಲ್ಲಿ ದಿವಾಳಿಯೆದ್ದು ಮುಚ್ಚಿತು. 'ಮೊಬೈಲಿನಲ್ಲಿ ಸಿಗುತ್ತದಲ್ಲ' ಎನ್ನುತ್ತಾರೆ. ಅದು ಬಾಡಿಗೆ ಮನೆ, ಮಾಲೀಕ ಯಾವಾಗ ಬೇಕಾದರೂ ಖಾಲಿ ಮಾಡಿಸಬಹುದು. ಮೇಲಾಗಿ ಸಿಗುವುದು ಯಾವ ಚಿತ್ರ? 1960ರ ಬಹುಪಾಲು ಕಪ್ಪುಬಿಳುಪಿನ ಚಿತ್ರಕ್ಕೆ 2004ರಲ್ಲಿ ಬಣ್ಣ ಬಳಿದಾಗ ಕತ್ತರಿಯೂ ಬಿತ್ತು, ಹಾಡುಗಳೂ ಹೋದವು. ಅಮ್ಮಿಗೆ ಬೇಕಾದದ್ದು ಅವರು ಹುಡುಗಿಯಾಗಿ ಟೆಂಟಿನಲ್ಲಿ ನೋಡಿದ ಚಿತ್ರ.

ಒಂದೇ ಕಡೆ ಇಟ್ಟದ್ದು ಹೇಗೆ ಹೋಗುತ್ತದೆಂಬುದಕ್ಕೆ ಸಾಕ್ಷಿ ಬೇಕೆ? ದೇಶದ ಮೊದಲ ಮಾತಿನ ಚಿತ್ರ 'ಆಲಂ ಆರಾ' (1931), ಕನ್ನಡದ ಮೊದಲ ಮಾತಿನ ಚಿತ್ರ 'ಸತಿ ಸುಲೋಚನಾ' (1934), ಎರಡರದ್ದೂ ಒಂದು ಪ್ರತಿ ಉಳಿದಿಲ್ಲ. 2003ರಲ್ಲಿ ಪುಣೆಯ ಉಗ್ರಾಣಕ್ಕೆ ಬೆಂಕಿ ಬಿದ್ದು ಹಳೆಯ ರೀಲುಗಳು ಬೂದಿಯಾದವು. ಹತ್ತು ಮನೆಗಳಲ್ಲಿದ್ದ ವಸ್ತು ಒಂದೇ ಬೆಂಕಿಗೆ ಸಾಯುವುದಿಲ್ಲ.

ಕಳೆದ ವರ್ಷ ಟ್ರಂಕಿನಿಂದ ಡಿಸ್ಕನ್ನು ಮತ್ತೆ ತೆಗೆದೆವು. ಹೊರಗಿನಿಂದ ಹೊಳೆಯುತ್ತಿತ್ತು. ಲೇಸರಿಗೆ ಬೆಳಕನ್ನು ಹಿಂತಿರುಗಿಸುವ ಲೋಹದ ತೆಳುಪದರ ಒಳಗೇ ಹಾಳಾಗಿತ್ತು. ನನ್ನ ಮಗಳು ತನ್ನ ಕಂಪ್ಯೂಟರಿಗೆ ಡ್ರೈವ್ ಸಿಕ್ಕಿಸಿ ರಾತ್ರಿಯಿಡೀ ಕೂತು ಫೈಲ್ ಮಾಡಿದಳು. ಶೀಶ್‌ಮಹಲಿನ ಕೆಲವು ನಿಮಿಷಗಳು ಮಾತ್ರ ಬರಲೇ ಇಲ್ಲ. 2013ರಲ್ಲಿ ಅವೂ ಇದ್ದವು. ಅವನ್ನು ಕದ್ದವರು ಯಾರು? ಅಮ್ಮಿಯಂತೂ ಅಲ್ಲ.

65ಎ ಸೆಕ್ಷನ್ನಿನ ಆ ರಿಜಿಸ್ಟರ್ ಸಾಲನ್ನು ತೆಗೆಯಿರಿ. ಕೊಂಡವರು ತಮ್ಮ ಪ್ರತಿಯನ್ನು ಕಾಪಿಟ್ಟುಕೊಳ್ಳುವುದು ತಪ್ಪಲ್ಲವೆಂದು ಕಾಯ್ದೆಯಲ್ಲೇ ಸ್ಪಷ್ಟವಾಗಿ ಬರೆಯಿರಿ. ಓದುಗರೇ, ನೀವೂ ನಿಮ್ಮ ಅಟ್ಟದ ಮೇಲಿನ ಡಿಸ್ಕುಗಳನ್ನು ಇಳಿಸಿ ನೋಡಿ. ಎರಡು ಹಾರ್ಡ್‌ಡಿಸ್ಕಿನಲ್ಲಿ ಇಡಿ, ಮಾರಬೇಡಿ, ಹಂಚಬೇಡಿ. ಆದರೆ ನಿಮ್ಮದನ್ನು ಉಳಿಸಿಕೊಳ್ಳಲು ಹೆದರಬೇಡಿ.